ಗಲ್ಲಾ ಜನರ ಸಿಗಡಿ–ಗ್ರಿಟ್ಸ್ ಕ್ಯಾಸರೋಲ್: ಮನೆಯಲ್ಲಿ ತಯಾರಿಸುವ ಕ್ರಮ

ಸಿಗಡಿಗೂ ಗ್ರಿಟ್ಸ್‌ಗೂ ಬೇಯುವ ಕಾಲದಲ್ಲಿ ಅಜಗಜಾಂತರವಿದೆ. ಕಲ್ಲಿನಲ್ಲಿ ಬೀಸಿದ ಮೆಕ್ಕೆಜೋಳದ ನುಚ್ಚಾದ ಗ್ರಿಟ್ಸ್ ಸಣ್ಣ ಉರಿಯಲ್ಲಿ ಮುಕ್ಕಾಲು ಗಂಟೆಯಿಂದ ಒಂದು ಗಂಟೆಯವರೆಗೆ ನಿಧಾನವಾಗಿ ಅರಳಬೇಕು. ಸಿಗಡಿಗಾದರೋ ಮೂರು ನಾಲ್ಕು ನಿಮಿಷದ ಶಾಖ ಸಾಕು. ಅದಕ್ಕಿಂತ ಹೆಚ್ಚು ಹೊತ್ತು ಉರಿಯ ಮೇಲಿದ್ದರೆ ಮಾಂಸ ಬಿಗಿದುಕೊಂಡು ಗಡುಸಾಗುತ್ತದೆ, ಅದರ ಸಿಹಿಯೂ ಹೋಗುತ್ತದೆ. ಇವೆರಡನ್ನೂ ಒಂದೇ ಪಾತ್ರೆಯಲ್ಲಿಟ್ಟು ಓವನ್ನಿನಲ್ಲಿ ಬೇಯಿಸುವುದೇ ಕ್ಯಾಸರೋಲ್ ಆದ್ದರಿಂದ, ಈ ಅಡುಗೆ ಕೆಡುವುದೆಲ್ಲ ಸಾಮಾನ್ಯವಾಗಿ ಇದೇ ಜಾಗದಲ್ಲಿ. ಎಲ್ಲವನ್ನೂ ಒಟ್ಟಿಗೆ ಕಲಸಿ ಮುಕ್ಕಾಲು ಗಂಟೆ ಓವನ್ನಿನಲ್ಲಿ ಇಡಿ ಎಂದು ಹೇಳುವ ವಿಧಾನಗಳು ಬಹಳ ಸಿಗುತ್ತವೆ. ಅವುಗಳಲ್ಲಿ ಶ್ರಮ ಕಡಿಮೆ ಎಂಬುದು ನಿಜ, ಆದರೆ ಸಿಗಡಿಯನ್ನು ಬಲಿಕೊಟ್ಟು ಆ ಅನುಕೂಲವನ್ನು ಪಡೆಯಬೇಕಾಗುತ್ತದೆ. ಇಲ್ಲಿ ವಿವರಿಸುವ ಕ್ರಮದಲ್ಲಿ ಎರಡನ್ನೂ ಬೇರೆ ಬೇರೆಯಾಗಿ ಅವುಗಳ ಹದಕ್ಕೆ ತಂದು, ಕೊನೆಯ ಹತ್ತು ಹನ್ನೆರಡು ನಿಮಿಷ ಮಾತ್ರ ಒಟ್ಟುಗೂಡಿಸಲಾಗುತ್ತದೆ. ಅವುಗಳ ರುಚಿಯನ್ನು ಒಂದುಗೂಡಿಸುವ ಕೆಲಸವನ್ನು ಸಿಗಡಿಯ ಸಿಪ್ಪೆಯಿಂದ ತೆಗೆದ ಸಾರು ಮಾಡುತ್ತದೆ.

ಅಡುಗೆಗೆ ಇಳಿಯುವ ಮೊದಲು ಇದು ಯಾರ ಮನೆಯ ತಿನಿಸು ಎಂಬುದನ್ನು ತಿಳಿದಿರುವುದು ಒಳ್ಳೆಯದು, ಏಕೆಂದರೆ ಯಾವ ಪದಾರ್ಥ ಮುಖ್ಯ, ಯಾವುದು ಆಮೇಲೆ ಬಂದು ಸೇರಿದ್ದು ಎಂಬುದು ಅದರಿಂದಲೇ ಗೊತ್ತಾಗುತ್ತದೆ. ಅಮೆರಿಕದ ದಕ್ಷಿಣ ಕೆರೊಲೈನಾ ಮತ್ತು ಜಾರ್ಜಿಯಾ ರಾಜ್ಯಗಳ ಕರಾವಳಿಯಲ್ಲಿ, ವಿಶೇಷವಾಗಿ ಸೇಂಟ್ ಹೆಲೆನಾ, ಎಡಿಸ್ಟೊ, ಡಫಸ್ಕಿ, ಸಪೆಲೊ ಮೊದಲಾದ ದ್ವೀಪಗಳಲ್ಲಿ ನೆಲೆಸಿರುವ ಗಲ್ಲಾ ಅಥವಾ ಗಲ್ಲಾ–ಗೀಚಿ ಜನರು, ಗುಲಾಮಗಿರಿಯ ಕಾಲದಲ್ಲಿ ಪಶ್ಚಿಮ ಮತ್ತು ಮಧ್ಯ ಆಫ್ರಿಕಾದಿಂದ ಹಿಡಿದು ತರಲಾದವರ ವಂಶಜರು. ಭತ್ತದ ಗದ್ದೆಗಳ ಕೆಲಸ ಬಲ್ಲವರು ಎಂಬ ಕಾರಣಕ್ಕೇ ಸಿಯೆರಾ ಲಿಯೋನ್, ಸೆನೆಗಾಂಬಿಯಾ ಕಡೆಯ ಜನರಿಗೆ ಅಲ್ಲಿನ ತೋಟದ ಮಾಲೀಕರಲ್ಲಿ ಬೇಡಿಕೆಯಿತ್ತು. ದ್ವೀಪಗಳು ಮುಖ್ಯಭೂಮಿಯಿಂದ ದೂರವಿದ್ದುದರಿಂದ ಅವರ ಭಾಷೆ, ಬುಟ್ಟಿ ಹೆಣೆಯುವ ಕಲೆ, ಬಲೆ ಕಟ್ಟುವ ವಿದ್ಯೆ, ಅಡುಗೆ ಎಲ್ಲವೂ ಬಹುಕಾಲ ಉಳಿದುಬಂದವು. 2006ರಲ್ಲಿ ಅಮೆರಿಕದ ಸಂಸತ್ತು ಉತ್ತರ ಕೆರೊಲೈನಾದಿಂದ ಫ್ಲಾರಿಡಾದವರೆಗಿನ ಈ ಕರಾವಳಿ ಪಟ್ಟಿಯನ್ನು ಗಲ್ಲಾ–ಗೀಚಿ ಸಾಂಸ್ಕೃತಿಕ ಪರಂಪರೆಯ ವಲಯವೆಂದು ಗುರುತಿಸಿತು.

ಗುಲಾಮರಿಗೆ ವಾರಕ್ಕಿಷ್ಟು ಎಂದು ಅಳೆದುಕೊಡುತ್ತಿದ್ದ ಪಡಿಯಲ್ಲಿ ಮೆಕ್ಕೆಜೋಳವೇ ಮುಖ್ಯವಾಗಿತ್ತು. ಜೋಳವನ್ನು ಬೀಸಿ ನುಚ್ಚು ಮಾಡಿ ಬೇಯಿಸುವ ಪದ್ಧತಿಯು ಆ ನೆಲದ ಮೂಲನಿವಾಸಿಗಳಿಂದ ಬಂದದ್ದು. ಈ ಕರಾವಳಿಯ ಭತ್ತದ ತೋಟಗಳಲ್ಲಿ ದಿನಕ್ಕೆ ಇಷ್ಟು ಕೆಲಸ ಎಂದು ಗೊತ್ತುಮಾಡಿ, ಅದು ಮುಗಿದ ಬಳಿಕ ಉಳಿದ ಹೊತ್ತನ್ನು ಕೆಲಸಗಾರರಿಗೇ ಬಿಡುವ ಪದ್ಧತಿ ಹೆಚ್ಚಾಗಿ ಇತ್ತು. ಆ ಉಳಿದ ಹೊತ್ತಿನಲ್ಲಿ ಅವರು ಹಿತ್ತಿಲಲ್ಲಿ ತರಕಾರಿ ಬೆಳೆದರು, ಜೌಗಿನ ಕಾಲುವೆಗಳಿಗೆ ಇಳಿದು ಮೀನು, ಏಡಿ, ಸಿಗಡಿ ಹಿಡಿದರು. ಅಂದರೆ ಪಾತ್ರೆಯಲ್ಲಿರುವ ನುಚ್ಚು ಯಜಮಾನ ಕೊಟ್ಟ ಪಡಿ, ಅದರ ಮೇಲಿರುವ ಸಿಗಡಿ ತಾವೇ ನೀರಿನಿಂದ ತಂದ ಸಂಪಾದನೆ. ಬೀಸುಬಲೆಯ ಅಂಚಿಗೆ ಸೀಸದ ಗುಂಡುಗಳಿರುತ್ತವೆ. ಬಲೆಯ ಒಂದು ಭಾಗವನ್ನು ಹಲ್ಲಿನಲ್ಲಿ ಕಚ್ಚಿಕೊಂಡು, ಉಳಿದದ್ದನ್ನು ಎರಡೂ ಕೈಗಳಲ್ಲಿ ಹಂಚಿ ಹಿಡಿದು, ಸೊಂಟ ತಿರುಗಿಸಿ ಬೀಸಿ ಎಸೆಯುವ ಹೊತ್ತಿಗೇ ಸರಿಯಾಗಿ ಹಲ್ಲು ಸಡಿಲಿಸಿದರೆ ಬಲೆ ಪೂರ್ತಿ ವೃತ್ತವಾಗಿ ಬಿಚ್ಚಿಕೊಂಡು ನೀರಿನ ಮೇಲೆ ಬೀಳುತ್ತದೆ. ಗಲ್ಲಾ ಹಿರಿಯರಲ್ಲಿ ಇಂಥ ಬಲೆಗಳನ್ನು ಕೈಯಲ್ಲಿಯೇ ಹೆಣೆಯಬಲ್ಲವರು ಇನ್ನೂ ಇದ್ದಾರೆ.

ಈ ಜೋಡಿಯ ಹಳೆಯ ರೂಪ ಕ್ಯಾಸರೋಲ್ ಅಲ್ಲ, ಬೆಳಗಿನ ತಿಂಡಿ. ಹಂದಿಯ ಕೊಬ್ಬಿನಲ್ಲಿ ಈರುಳ್ಳಿ ಬಾಡಿಸಿ, ಹಿಟ್ಟನ್ನು ಕಂದು ಬಣ್ಣಕ್ಕೆ ಹುರಿದು, ಸಣ್ಣ ಸಿಗಡಿಗಳನ್ನು ಹಾಕಿ ಮಾಡಿದ ಗ್ರೇವಿಯನ್ನು ಬಿಸಿ ಗ್ರಿಟ್ಸ್ ಮೇಲೆ ಸುರಿದು ತಿನ್ನುತ್ತಿದ್ದರು. ಅದರಲ್ಲಿ ಚೀಸ್ ಇರಲಿಲ್ಲ. ಉತ್ತರ ಕೆರೊಲೈನಾದ ಚಾಪಲ್ ಹಿಲ್‌ನಲ್ಲಿ ಬಾಣಸಿಗ ಬಿಲ್ ನೀಲ್ ತಮ್ಮ ಹೋಟೆಲಿನಲ್ಲಿ ಚೀಸ್ ಬೆರೆಸಿದ ಗ್ರಿಟ್ಸ್, ಬೇಕನ್ (ಉಪ್ಪಿನಲ್ಲಿ ಹದಗೊಳಿಸಿದ ಹಂದಿಮಾಂಸದ ತೆಳು ಪಟ್ಟಿ), ಅಣಬೆಗಳೊಂದಿಗೆ ಬಡಿಸುತ್ತಿದ್ದ ಸಿಗಡಿಯ ಬಗ್ಗೆ 1985ರಲ್ಲಿ ನ್ಯೂಯಾರ್ಕ್ ಟೈಮ್ಸ್ ಪತ್ರಿಕೆಯಲ್ಲಿ ಬರಹ ಬಂದ ಮೇಲೆ, ಚೀಸ್ ಇರುವ ರೂಪವೇ ದೇಶದಾದ್ಯಂತ ಹೆಸರಾಯಿತು. ಮೀನುಗಾರರ ತಿಂಡಿ ಹೋಟೆಲುಗಳ ದುಬಾರಿ ತಟ್ಟೆಗೆ ಏರಿತು, ಅದನ್ನು ಕಂಡುಕೊಂಡವರ ಹೆಸರು ಮಾತ್ರ ಅಲ್ಲಿನ ತಿನಿಸುಗಳ ಪಟ್ಟಿಯಲ್ಲಿ ಕಾಣಲಿಲ್ಲ. ಕ್ಯಾಸರೋಲ್ ಇವೆರಡರ ನಡುವಿನದು. ಚರ್ಚಿನ ಊಟ, ಬಂಧುಗಳ ಕೂಟ, ಹಬ್ಬದ ಬೆಳಗು ಎಂದು ಹತ್ತಾರು ಮಂದಿ ಸೇರುವಲ್ಲಿ ಒಬ್ಬೊಬ್ಬರ ತಟ್ಟೆಗೂ ಬಿಸಿ ಗ್ರಿಟ್ಸ್ ಬಡಿಸುತ್ತ ನಿಲ್ಲುವುದು ಕಷ್ಟವಾದ್ದರಿಂದ, ಮೊಟ್ಟೆ ಮತ್ತು ಚೀಸ್ ಸೇರಿಸಿ ಒಂದೇ ದೊಡ್ಡ ಪಾತ್ರೆಯಲ್ಲಿ ಗಟ್ಟಿಯಾಗುವಂತೆ ಬೇಯಿಸುವ ಈ ರೂಪ ಒದಗಿಬರುತ್ತದೆ. ಆದ್ದರಿಂದ ಇದನ್ನು ಸಾಂಪ್ರದಾಯಿಕ ಎಂದು ಕರೆಯುವಾಗ ಒಳಗಿನ ಗ್ರೇವಿಯನ್ನು ಹಳೆಯ ರೀತಿಯಲ್ಲೇ ಮಾಡುವುದು ಅಗತ್ಯ ಎಂಬುದು ನನ್ನ ಅಭಿಪ್ರಾಯ. ಹಾಲಿನ ಕೆನೆ, ಡಬ್ಬಿಯಲ್ಲಿ ಬರುವ ಅಣಬೆ ಸೂಪ್ ಇತ್ಯಾದಿಗಳನ್ನು ಸುರಿದರೆ ತಿನ್ನಲು ಹಿತವಾಗಿರಬಹುದು, ಆದರೆ ಗಲ್ಲಾ ಅಡುಗೆಯ ಗುರುತು ಅದರಲ್ಲಿ ಉಳಿಯುವುದಿಲ್ಲ.

ಬೇಕಾಗುವ ಪದಾರ್ಥಗಳು

ಇಲ್ಲಿ ಕೊಡುವ ಅಳತೆ ಎಂಟು ಜನರಿಗೆ ಸಾಕಾಗುತ್ತದೆ. ಪಾತ್ರೆಯು ಸುಮಾರು 33 ಸೆಂ.ಮೀ. ಉದ್ದ, 23 ಸೆಂ.ಮೀ. ಅಗಲ, 5 ಸೆಂ.ಮೀ. ಆಳದ್ದಾಗಿರಲಿ. ಒಂದು ಕಪ್ ಎಂದರೆ 240 ಮಿ.ಲೀ.

ಗ್ರಿಟ್ಸ್‌ನ ಭಾಗಕ್ಕೆ ಕಲ್ಲಿನಲ್ಲಿ ಬೀಸಿದ ಬಿಳಿ ಗ್ರಿಟ್ಸ್ ಒಂದೂವರೆ ಕಪ್, ಸಿಗಡಿ ಸಿಪ್ಪೆಯ ಸಾರು 4 ಕಪ್, ಗಟ್ಟಿ ಹಾಲು 2 ಕಪ್, ಬೆಣ್ಣೆ 60 ಗ್ರಾಂ, ತುರಿದ, ಚೆನ್ನಾಗಿ ಮಾಗಿದ ಚೆಡ್ಡರ್ ಚೀಸ್ 200 ಗ್ರಾಂ, ಮೊಟ್ಟೆ 3, ಉಪ್ಪು ಒಂದು ಟೀ ಚಮಚ ಬೇಕು. ಸಿಗಡಿಯ ಭಾಗಕ್ಕೆ ತಲೆ ತೆಗೆದ, ಸಿಪ್ಪೆ ಇರುವ ಸಿಗಡಿ 900 ಗ್ರಾಂ, ಹೊಗೆಯಾಡಿಸಿದ ಬೇಕನ್ 120 ಗ್ರಾಂ, ದೊಡ್ಡ ಈರುಳ್ಳಿ 1, ಹಸಿರು ದಪ್ಪ ಮೆಣಸಿನಕಾಯಿ 1, ಸೆಲರಿಯ ದಂಟು 2, ಬೆಳ್ಳುಳ್ಳಿ 3 ಎಸಳು, ಮೈದಾ 3 ದೊಡ್ಡ ಚಮಚ, ಸಿಪ್ಪೆಯ ಸಾರು ಒಂದೂವರೆ ಕಪ್, ಹೊಸದಾಗಿ ಪುಡಿಮಾಡಿದ ಕಾಳುಮೆಣಸು ಒಂದು ಟೀ ಚಮಚ, ಪ್ಯಾಪ್ರಿಕಾ ಒಂದು ಟೀ ಚಮಚ, ಖಾರದ ಕೆಂಪು ಮೆಣಸಿನ ಪುಡಿ ಕಾಲು ಟೀ ಚಮಚ, ಒಣಗಿದ ಥೈಮ್ ಅರ್ಧ ಟೀ ಚಮಚ, ಮೇಲೆ ಉದುರಿಸಲು ಈರುಳ್ಳಿ ಸೊಪ್ಪು ಇರಬೇಕು. ಹಂದಿಮಾಂಸ ತಿನ್ನದವರು ಹೊಗೆಯಾಡಿಸಿದ ಟರ್ಕಿ ಕೋಳಿಯ ಮಾಂಸವನ್ನು ಬಳಸಬಹುದು. ಆರೋಗ್ಯದ ಕಾರಣಕ್ಕೆ ಹಂದಿಯನ್ನು ಬಿಟ್ಟಿರುವ ಅಲ್ಲಿನ ಎಷ್ಟೋ ಮನೆಗಳಲ್ಲಿಯೂ ಹಾಗೆಯೇ ಮಾಡುತ್ತಾರೆ. ಟರ್ಕಿಯಲ್ಲಿ ಕೊಬ್ಬು ಕಡಿಮೆ ಇರುವುದರಿಂದ ಆಗ ಮೂರು ದೊಡ್ಡ ಚಮಚ ಬೆಣ್ಣೆ ಅಥವಾ ಎಣ್ಣೆಯನ್ನು ಹೆಚ್ಚಿಗೆ ಸೇರಿಸಬೇಕು.

ಈ ಅಳತೆಗಳು ಕಲಿಯುವವರಿಗಾಗಿ. ಎಡಿಸ್ಟೊ ದ್ವೀಪದ ಎಮಿಲಿ ಮೆಗೆಟ್ ಅಳತೆಯ ಲೋಟ ಚಮಚಗಳನ್ನು ಮುಟ್ಟದೆಯೇ ಜೀವಮಾನವಿಡೀ ಅಡುಗೆ ಮಾಡಿದವರು. 2022ರಲ್ಲಿ, ತಮ್ಮ 89ನೆಯ ವಯಸ್ಸಿನಲ್ಲಿ, ಗಲ್ಲಾ ಅಡುಗೆಯ ಪುಸ್ತಕ ಹೊರತರುವಾಗ ಅವರ ಕೈಯಳತೆಯೆಲ್ಲ ಕಪ್, ಚಮಚಗಳ ಲೆಕ್ಕಕ್ಕೆ ಬರಬೇಕಾಯಿತು. ಕೈ ಪಳಗಿದ ಮೇಲೆ ನೀವೂ ಈ ಲೆಕ್ಕವನ್ನು ಬಿಡಬಹುದು.

ಗ್ರಿಟ್ಸ್ ಮತ್ತು ಸಿಗಡಿಯ ಆಯ್ಕೆ

ಅಮೆರಿಕದ ಅಂಗಡಿಗಳಲ್ಲಿ ಮೂರು ಬಗೆಯ ಗ್ರಿಟ್ಸ್ ಸಿಗುತ್ತವೆ. ಬಿಸಿನೀರು ಸುರಿದರೆ ಸಿದ್ಧವಾಗುವ ಇನ್‌ಸ್ಟಂಟ್ ಪೊಟ್ಟಣವನ್ನು ಮೊದಲೇ ಬೇಯಿಸಿ ಒಣಗಿಸಿರುತ್ತಾರೆ. ಅದು ಕ್ಯಾಸರೋಲಿಗೆ ನಿಷ್ಪ್ರಯೋಜಕ. ಐದಾರು ನಿಮಿಷದಲ್ಲಿ ಬೇಯುವ ಕ್ವಿಕ್ ಗ್ರಿಟ್ಸ್ ಬೇರೇನೂ ಸಿಗದಿದ್ದಾಗ ಆದೀತು, ಆದರೆ ಅದರಲ್ಲಿ ಜೋಳದ ಮೊಳಕೆಯ ಭಾಗವನ್ನು ತೆಗೆದಿರುವುದರಿಂದ ರುಚಿ ಸಪ್ಪೆ. ಕಲ್ಲಿನಲ್ಲಿ ಬೀಸಿದ ಗ್ರಿಟ್ಸ್‌ನಲ್ಲಿ ಮೊಳಕೆಯ ಭಾಗವೂ ಉಳಿದಿರುತ್ತದೆ, ಕಾಳುಗಳ ಗಾತ್ರವೂ ಒಂದೇ ಸಮನಾಗಿರುವುದಿಲ್ಲ. ಮೊಳಕೆಯಲ್ಲಿ ಎಣ್ಣೆಯಂಶವಿರುವುದರಿಂದ ಅದು ಬೇಗ ಕಮಟು ಹಿಡಿಯುತ್ತದೆ. ತಂದ ಪೊಟ್ಟಣವನ್ನು ಕಪಾಟಿನಲ್ಲಿಡದೆ ಫ್ರೀಜರಿನಲ್ಲಿಡಬೇಕು. ಬಿಳಿಯದೋ ಹಳದಿಯದೋ ಎಂಬ ವಾದಕ್ಕೆ ಹೆಚ್ಚು ಬೆಲೆ ಕೊಡಬೇಕಾಗಿಲ್ಲ. ದಕ್ಷಿಣ ಕೆರೊಲೈನಾದ ಬಂದರು ನಗರ ಚಾರ್ಲ್‌ಸ್ಟನ್ ಸುತ್ತಮುತ್ತ ಬಿಳಿಯದೇ ವಾಡಿಕೆ, ಹಳದಿಯದರಲ್ಲಿ ಜೋಳದ ರುಚಿ ಸ್ವಲ್ಪ ಮುಂದಾಗಿರುತ್ತದೆ, ಅಷ್ಟೇ.

ದಕ್ಷಿಣ ಕೆರೊಲೈನಾದ ಕರಾವಳಿಯಲ್ಲಿ ಹಿಡಿಯುವುದು ಮುಖ್ಯವಾಗಿ ಬಿಳಿ ಸಿಗಡಿ ಮತ್ತು ಕಂದು ಸಿಗಡಿ. ಇವು ಸಮುದ್ರದಲ್ಲಿ ಮೊಟ್ಟೆಯಿಟ್ಟರೂ ಮರಿಗಳು ಬೆಳೆಯುವುದು ಹುಲ್ಲು ತುಂಬಿದ ಉಪ್ಪುಜೌಗಿನಲ್ಲಿ. ಬೇಸಿಗೆಯ ಕೊನೆಗೆ ಮತ್ತು ಶರತ್ಕಾಲದಲ್ಲಿ ಕಡಲಿನ ಇಳಿತದ ಹೊತ್ತಿಗೆ ಕಾಲುವೆಗಳಲ್ಲಿ ಸಿಗುವ ಸಣ್ಣ ಸಿಗಡಿಯನ್ನೇ ಅಲ್ಲಿಯವರು ಬೆಳಗಿನ ತಿಂಡಿಗೆ ಮೆಚ್ಚುತ್ತಾರೆ. ಅಂಗಡಿಯ ಪೊಟ್ಟಣದ ಮೇಲಿರುವ 26/30, 31/40 ಮುಂತಾದ ಅಂಕಿಗಳು ಒಂದು ಪೌಂಡಿಗೆ, ಅಂದರೆ 454 ಗ್ರಾಂಗೆ, ಎಷ್ಟು ಸಿಗಡಿ ತೂಗುತ್ತವೆ ಎಂಬುದನ್ನು ತಿಳಿಸುತ್ತವೆ. ಈ ಅಡುಗೆಗೆ 31/40 ಗಾತ್ರ ಸಾಕು. ದೊಡ್ಡದಕ್ಕೆ ಹಣ ಹೆಚ್ಚು ತೆತ್ತು ಪ್ರಯೋಜನವಿಲ್ಲ. ಸಿಪ್ಪೆ ಸುಲಿದದ್ದನ್ನು ಮಾತ್ರ ಯಾವ ಕಾರಣಕ್ಕೂ ಕೊಳ್ಳಬೇಡಿ, ಸಾರಿಗೆ ಸಿಪ್ಪೆಯೇ ಬೇಕು. ತಲೆಯೂ ಇರುವ ಸಿಗಡಿ ಸಿಕ್ಕಿದರೆ ಇನ್ನೂ ಉತ್ತಮ, ಆಗ 1.3 ಕಿ.ಗ್ರಾಂನಷ್ಟು ತರಬೇಕಾಗುತ್ತದೆ. ಮುಟ್ಟಿದರೆ ಬಿಗಿಯಾಗಿದ್ದು ಸಮುದ್ರದ ನೀರಿನ ವಾಸನೆ ಮಾತ್ರ ಬರಬೇಕು. ಅಮೋನಿಯದ ಘಾಟು ಹೊಡೆದರೆ ಅದನ್ನು ಎಷ್ಟು ತೊಳೆದರೂ ಉಪಯೋಗವಿಲ್ಲ.

ಹಿಂದಿನ ರಾತ್ರಿ

ಗ್ರಿಟ್ಸನ್ನು ದೊಡ್ಡ ಬಟ್ಟಲಿಗೆ ಹಾಕಿ, ಅದರ ಮೇಲೆ ನಾಲ್ಕು ಬೆರಳು ನಿಲ್ಲುವಷ್ಟು ತಣ್ಣೀರು ಸುರಿದು ಕೈಯಿಂದ ಒಮ್ಮೆ ಕಲಕಿ ಬಿಡಿ. ಎರಡು ನಿಮಿಷ ಸುಮ್ಮನಿದ್ದರೆ ಭಾರವಾದ ನುಚ್ಚು ತಳಕ್ಕೆ ಇಳಿದು, ಜೋಳದ ಮೇಲ್ಪದರದ ತೆಳು ಹೊಟ್ಟು ಮಂಕು ಬಿಳುಪಿನ ಕೆನೆಯಾಗಿ ಮೇಲೆ ತೇಲಿ ಬಟ್ಟಲಿನ ಅಂಚಿಗೆ ಸರಿಯುತ್ತದೆ. ಅದನ್ನು ಚಹಾ ಸೋಸುವ ಜಾಲರಿಯಿಂದ ಬಾಚಿ ತೆಗೆದು, ಮತ್ತೆ ಕಲಕಿ, ಮತ್ತೆ ತೆಗೆಯಿರಿ. ಮೂರನೆಯ ಸಲಕ್ಕೆ ನೀರು ಹೆಚ್ಚುಕಡಿಮೆ ತಿಳಿಯಾಗುತ್ತದೆ. ಈ ಹೊಟ್ಟು ಎಷ್ಟು ಹೊತ್ತು ಬೇಯಿಸಿದರೂ ಮೆತ್ತಗಾಗದೆ ಹಲ್ಲಿನ ಸಂದಿಗೆ ಸಿಕ್ಕಿಕೊಳ್ಳುವುದರಿಂದ ಇಲ್ಲಿ ಸೋಮಾರಿತನ ಮಾಡಬಾರದು. ಉಳಿದ ನುಚ್ಚನ್ನು ಅದೇ ನೀರಿನಲ್ಲಿ ರಾತ್ರಿಯಿಡೀ ನೆನೆಸಿಡಿ; ನೆನೆದ ಗ್ರಿಟ್ಸ್ ಬೇಯಲು ಸುಮಾರು ಕಾಲು ಗಂಟೆ ಕಡಿಮೆ ಸಾಕಾಗುತ್ತದೆ ಮತ್ತು ಎಲ್ಲ ಕಾಳುಗಳೂ ಒಂದೇ ಹದಕ್ಕೆ ಬರುತ್ತವೆ.

ಸಿಗಡಿಯನ್ನೂ ಹಿಂದಿನ ರಾತ್ರಿಯೇ ಸುಲಿದು, ಬೆನ್ನ ಮೇಲೆ ಚಾಕುವಿನ ತುದಿಯಿಂದ ಗೀರಿ ಕಪ್ಪು ನರವನ್ನು ತೆಗೆದು, ಮುಚ್ಚಿದ ಡಬ್ಬಿಯಲ್ಲಿ ಫ್ರಿಜ್ಜಿನ ಅತ್ಯಂತ ತಣ್ಣಗಿನ ಭಾಗದಲ್ಲಿಡಬಹುದು. ಸಿಪ್ಪೆ, ಬಾಲ, ತಲೆಗಳನ್ನು ಪ್ರತ್ಯೇಕವಾಗಿ ಎತ್ತಿಡಿ.

ಸಿಪ್ಪೆಯ ಸಾರು

ಅಗಲವಾದ ಪಾತ್ರೆಯಲ್ಲಿ ಒಂದು ದೊಡ್ಡ ಚಮಚ ಎಣ್ಣೆ ಬಿಸಿಮಾಡಿ, ಸಿಪ್ಪೆಗಳನ್ನು ಹಾಕಿ, ಅವು ಕಿತ್ತಳೆ ಕೆಂಪಿಗೆ ತಿರುಗಿ ಸುಟ್ಟ ಕಡಲೆಯ ಬಗೆಯ ಘಮ ಬರುವವರೆಗೆ ನಾಲ್ಕೈದು ನಿಮಿಷ ಹುರಿಯಿರಿ. ತಲೆಗಳಿದ್ದರೆ ಸೌಟಿನ ಹಿಂಭಾಗದಿಂದ ಅವುಗಳನ್ನು ಒತ್ತಿ ಒಳಗಿನ ರಸ ಹೊರಬರುವಂತೆ ಮಾಡಬೇಕು. ಬಳಿಕ ಎರಡು ಲೀಟರ್ ನೀರು, ಈರುಳ್ಳಿ ಮತ್ತು ಸೆಲರಿಯ ತುದಿಗಳು, ಒಂದು ಬೇ ಎಲೆ ಹಾಕಿ ಕುದಿ ಬಂದ ಕೂಡಲೇ ಉರಿ ತಗ್ಗಿಸಿ, ಅರ್ಧ ಗಂಟೆ ಸಣ್ಣಗೆ ಕುದಿಯಲು ಬಿಡಿ. ಅದಕ್ಕಿಂತ ಹೆಚ್ಚು ಕುದಿಸಿದರೆ ಸಾರಿಗೆ ಕಹಿ ಬರುತ್ತದೆ. ಸೋಸಿದಾಗ ಆರು ಕಪ್ಪಿನಷ್ಟು ಸಾರು ಸಿಗಬೇಕು. ಕಡಿಮೆ ಬಿದ್ದರೆ ನೀರು ಸೇರಿಸಿ. ಇದಕ್ಕೆ ಉಪ್ಪು ಹಾಕಬೇಡಿ, ಏಕೆಂದರೆ ಮುಂದೆ ಬೇಕನ್ನು, ಚೀಸು ಎರಡರಿಂದಲೂ ಉಪ್ಪು ಬಂದು ಸೇರಲಿದೆ.

ಬರಿಯ ನೀರಿನಲ್ಲಿ ಬೆಂದ ಗ್ರಿಟ್ಸ್ ಮೇಲೆ ಎಂಥ ಗ್ರೇವಿ ಸುರಿದರೂ ಅದು ಮೇಲೆಯೇ ನಿಲ್ಲುತ್ತದೆ, ಮೇಲಿನ ತುತ್ತಿಗೊಂದು ರುಚಿ, ಕೆಳಗಿನ ತುತ್ತಿಗೊಂದು ರುಚಿ. ಸಾರಿನಲ್ಲಿ ಬೆಂದ ಗ್ರಿಟ್ಸ್‌ಗೆ ತಳದವರೆಗೂ ಸಿಗಡಿಯ ರುಚಿ ಇಳಿದಿರುವುದರಿಂದ, ಸಿಗಡಿಯನ್ನು ಓವನ್ನಿನಲ್ಲಿ ಹೆಚ್ಚು ಹೊತ್ತು ಇಟ್ಟು ರುಚಿ ಬಿಡಿಸುವ ಅಗತ್ಯವೇ ಬೀಳುವುದಿಲ್ಲ. ಸಮಯವಿಲ್ಲವೆಂದು ಈ ಹಂತವನ್ನು ಬಿಡುವವರು ಇಡೀ ಅಡುಗೆಯನ್ನೇ ಬೇರೆ ದಿನಕ್ಕೆ ಮುಂದೂಡುವುದು ಮೇಲು.

ಗ್ರಿಟ್ಸ್ ಬೇಯಿಸುವುದು

ದಪ್ಪ ತಳದ ಪಾತ್ರೆಯಲ್ಲಿ ನಾಲ್ಕು ಕಪ್ ಸಾರನ್ನು ಉಪ್ಪು ಹಾಕಿ ಕುದಿಸಿ. ನೆನೆದ ಗ್ರಿಟ್ಸ್‌ನ ನೀರನ್ನು ಬಸಿದು, ಎಡಗೈಯಿಂದ ಸ್ವಲ್ಪ ಸ್ವಲ್ಪವಾಗಿ ಕುದಿಯುವ ಸಾರಿಗೆ ಬಿಡುತ್ತ ಬಲಗೈಯಿಂದ ಎಡೆಬಿಡದೆ ಕಲಕುತ್ತಿರಬೇಕು, ಇಲ್ಲದಿದ್ದರೆ ಗಂಟುಕಟ್ಟುತ್ತದೆ. ಮೊದಲ ಎಂಟು ಹತ್ತು ನಿಮಿಷ, ಅಂದರೆ ನುಚ್ಚು ಸಾರಿನಲ್ಲಿ ತೇಲಾಡುವಷ್ಟು ಗಟ್ಟಿಯಾಗುವವರೆಗೆ, ಪಾತ್ರೆಯನ್ನು ಬಿಟ್ಟು ಕದಲಬಾರದು. ಆಮೇಲೆ ಉರಿಯನ್ನು ಅತಿ ಸಣ್ಣದು ಮಾಡಿ, ಮುಚ್ಚಳವನ್ನು ಸ್ವಲ್ಪ ಓರೆಯಾಗಿ ಮುಚ್ಚಿ, ಐದಾರು ನಿಮಿಷಕ್ಕೊಮ್ಮೆ ತಳ ಮುಟ್ಟುವಂತೆ ಕೈಯಾಡಿಸಿದರೆ ಸಾಕು. ಮೇಲ್ಮೈಯಲ್ಲಿ ಅಲ್ಲಲ್ಲಿ ಒಂದೊಂದು ಗುಳ್ಳೆ ಉಬ್ಬಿ ನಿಧಾನವಾಗಿ ಪುಸ್ಸೆಂದು ಒಡೆಯುವುದು ಸರಿಯಾದ ಉರಿ. ಗುಳ್ಳೆಗಳು ಪಟಪಟ ಸಿಡಿದು ಕೈಮೇಲೆ ಹಾರುತ್ತಿದ್ದರೆ ಉರಿ ಹೆಚ್ಚಾಗಿದೆ ಎಂದು ತಿಳಿಯಿರಿ. ಬಿಸಿ ಗ್ರಿಟ್ಸ್ ಸಿಡಿದರೆ ಚರ್ಮಕ್ಕೆ ಅಂಟಿಕೊಂಡು ಸುಡುತ್ತದೆ, ಆದ್ದರಿಂದ ಉದ್ದ ಹಿಡಿಯ ಮರದ ಸೌಟೇ ಒಳ್ಳೆಯದು.

ಅರ್ಧ ಗಂಟೆಯಾದ ಮೇಲೆ ಹಾಲನ್ನು ಬೇರೆ ಪಾತ್ರೆಯಲ್ಲಿ ಬಿಸಿಮಾಡಿ ಎರಡು ಮೂರು ಸಲವಾಗಿ ಸೇರಿಸಿ. ಹಾಲನ್ನು ಮೊದಲೇ ಹಾಕಿದರೆ ತಳ ಹಿಡಿಯುತ್ತದೆ, ತಣ್ಣಗಿನ ಹಾಲು ಹಾಕಿದರೆ ಬೇಯುವುದು ಅರ್ಧಕ್ಕೆ ನಿಲ್ಲುತ್ತದೆ. ಒಟ್ಟು 45ರಿಂದ 50 ನಿಮಿಷಕ್ಕೆ ನುಚ್ಚು ಅರಳಿ ಮೆತ್ತಗಾಗಿರಬೇಕು. ಒಂದಿಷ್ಟನ್ನು ತಣಿಸಿ ನಾಲಗೆಯ ಮೇಲಿಟ್ಟು ಅಂಗುಳಕ್ಕೆ ಒತ್ತಿ ನೋಡಿ. ನಡುವೆ ಮರಳಿನ ಹಾಗೆ ಕಿರಕಿರ ಎಂದರೆ ಇನ್ನೂ ಹತ್ತು ನಿಮಿಷ ಬೇಯಲಿ. ಈ ಹಂತದಲ್ಲಿ ಗ್ರಿಟ್ಸ್ ಸೌಟಿನಿಂದ ಧಾರೆಯಾಗಿ ಸುರಿಯದೆ, ಮುದ್ದೆಯಾಗಿಯೂ ನಿಲ್ಲದೆ, ನಿಧಾನವಾಗಿ ಜಾರಿ ಬೀಳುವಷ್ಟು ಸಡಿಲವಾಗಿರಬೇಕು. ಓವನ್ನಿನಲ್ಲಿ ಇನ್ನಷ್ಟು ಬಿಗಿಯಾಗುವುದರಿಂದ ಈಗಲೇ ಗಟ್ಟಿಯಾಗಿದ್ದರೆ ಉಳಿದಿರುವ ಅರ್ಧ ಕಪ್ ಸಾರನ್ನು ಬಿಸಿಮಾಡಿ ಬೆರೆಸಿ. ಒಲೆ ಆರಿಸಿ ಬೆಣ್ಣೆಯನ್ನೂ ಮುಕ್ಕಾಲು ಪಾಲು ಚೀಸನ್ನೂ ಕಲಸಿ, ಹತ್ತು ನಿಮಿಷ ಆರಲು ಬಿಡಿ.

ಇನ್ನೊಂದು ಬಟ್ಟಲಿನಲ್ಲಿ ಮೊಟ್ಟೆಗಳನ್ನು ಚೆನ್ನಾಗಿ ಕಡೆದು, ಅದಕ್ಕೆ ಒಂದು ಸೌಟು ಗ್ರಿಟ್ಸ್ ಹಾಕಿ ಬೇಗಬೇಗನೆ ಕಲಸಿ. ಇನ್ನೆರಡು ಸೌಟು ಹಾಕಿ ಕಲಸಿದ ಮೇಲೆ ಆ ಮಿಶ್ರಣವನ್ನು ದೊಡ್ಡ ಪಾತ್ರೆಗೆ ಸುರಿಯಿರಿ. ಮೊಟ್ಟೆಯನ್ನು ನೇರವಾಗಿ ಬಿಸಿ ಗ್ರಿಟ್ಸ್‌ಗೆ ಒಡೆದು ಹಾಕಿದರೆ ಅಲ್ಲಲ್ಲೇ ಬೆಂದು ಎಳೆಎಳೆಯಾಗುತ್ತದೆ. ಬೆಣ್ಣೆ ಸವರಿದ ಕ್ಯಾಸರೋಲ್ ಪಾತ್ರೆಗೆ ಎಲ್ಲವನ್ನೂ ಸುರಿದು, ನಡುವೆ ಸ್ವಲ್ಪ ತಗ್ಗು, ಅಂಚಿನಲ್ಲಿ ಸ್ವಲ್ಪ ಎತ್ತರ ಇರುವಂತೆ ಹರಡಿ, 175 ಡಿಗ್ರಿ ಸೆಲ್ಸಿಯಸ್‌ಗೆ ಕಾಯಿಸಿದ ಓವನ್ನಿನ ನಡುವಿನ ತಟ್ಟೆಯಲ್ಲಿ 25 ನಿಮಿಷ ಇಡಿ. ಆ ತಗ್ಗಿನಲ್ಲಿ ಗ್ರೇವಿ ನಿಲ್ಲುತ್ತದೆ.

ಸಿಗಡಿ ಮತ್ತು ಗ್ರೇವಿ

ಓವನ್ನಿನಲ್ಲಿ ಗ್ರಿಟ್ಸ್ ಇರುವ ಈ ಇಪ್ಪತ್ತೈದು ನಿಮಿಷವೇ ಗ್ರೇವಿಗೆ ಸಮಯ. ಹೆಚ್ಚುವ ಕೆಲಸವೆಲ್ಲ ಮೊದಲೇ ಮುಗಿದಿರಲಿ. ಸಿಗಡಿಯನ್ನು ಬಟ್ಟೆಯಿಂದ ಒರೆಸಿ ತೇವ ತೆಗೆದು, ಪ್ಯಾಪ್ರಿಕಾ, ಮೆಣಸಿನ ಪುಡಿ, ಅರ್ಧ ಟೀ ಚಮಚ ಕಾಳುಮೆಣಸು, ಒಂದು ಚಿಟಿಕೆ ಉಪ್ಪು ಸವರಿಡಿ. ಎರಕದ ಕಬ್ಬಿಣದ ಬಾಣಲೆಯಿದ್ದರೆ ಅದನ್ನೇ ಬಳಸಿ. ಸಣ್ಣಗೆ ಹೆಚ್ಚಿದ ಬೇಕನ್ನನ್ನು ತಣ್ಣಗಿನ ಬಾಣಲೆಗೆ ಹಾಕಿ ಸಣ್ಣ ಉರಿಯಲ್ಲಿ ಕೊಬ್ಬು ಕರಗಿ ಚೂರುಗಳು ಗರಿಗರಿಯಾಗುವವರೆಗೆ ಹುರಿದು ತೆಗೆದಿಡಿ. ಮೂರು ದೊಡ್ಡ ಚಮಚದಷ್ಟು ಕೊಬ್ಬು ಮಾತ್ರ ಬಾಣಲೆಯಲ್ಲಿ ಉಳಿಯಲಿ.

ಈಗ ಉರಿ ಜೋರು ಮಾಡಿ, ಸಿಗಡಿಗಳನ್ನು ಎರಡು ಸಲವಾಗಿ, ಒಂದರ ಮೇಲೊಂದು ಬೀಳದಂತೆ ಹರಡಿ, ಒಂದು ಬದಿಗೆ ಒಂದು ನಿಮಿಷ, ಮಗುಚಿ ಅರ್ಧ ನಿಮಿಷ ಇಟ್ಟು ತಕ್ಷಣ ತಟ್ಟೆಗೆ ತೆಗೆಯಿರಿ. ಹೊರಗೆ ನಸುಗೆಂಪು ಬಂದಿದ್ದು, ಗೀರಿದ ಬೆನ್ನಿನೊಳಗೆ ಇನ್ನೂ ಗಾಜಿನ ಬಣ್ಣ ಕಾಣಬೇಕು. ಅರ್ಧ ಬಾಗಿದ ಸಿಗಡಿ ಹದದಲ್ಲಿದೆ. ಬಾಲವು ತಲೆಯ ಕಡೆಯನ್ನು ಮುಟ್ಟುವಷ್ಟು ಸುರುಳಿಯಾಗಿದ್ದರೆ ಬೇಯುವುದು ಆಗಲೇ ಮಿತಿ ಮೀರಿದೆ. ಹಸಿಯಾಗಿದೆಯಲ್ಲ ಎಂದು ಇಲ್ಲಿ ಅನುಮಾನ ಪಡಬೇಡಿ, ಉಳಿದದ್ದನ್ನು ಓವನ್ ನೋಡಿಕೊಳ್ಳುತ್ತದೆ.

ಅದೇ ಕೊಬ್ಬಿನಲ್ಲಿ ಹೆಚ್ಚಿದ ಈರುಳ್ಳಿ, ದಪ್ಪ ಮೆಣಸಿನಕಾಯಿ, ಸೆಲರಿಗಳನ್ನು ಮೆತ್ತಗಾಗುವವರೆಗೆ ಬಾಡಿಸಿ, ಜಜ್ಜಿದ ಬೆಳ್ಳುಳ್ಳಿ ಹಾಕಿ. ಕೊಬ್ಬು ಪೂರ್ತಿ ಹೀರಿಹೋಗಿದ್ದರೆ ಒಂದು ಚಮಚ ಬೆಣ್ಣೆ ಸೇರಿಸಿ, ಮೈದಾ ಉದುರಿಸಿ, ಮಧ್ಯಮ ಉರಿಯಲ್ಲಿ ಬಿಡದೆ ತಿರುವುತ್ತಿರಿ. ಹಿಟ್ಟಿನ ಹಸಿ ವಾಸನೆ ಎರಡು ನಿಮಿಷಕ್ಕೇ ಹೋಗುತ್ತದೆ, ಆದರೆ ಅಲ್ಲಿಗೇ ನಿಲ್ಲಿಸಿದರೆ ಬಿಳಿ ಗ್ರೇವಿಯಾಗುತ್ತದೆ. ಗಲ್ಲಾ ಮನೆಗಳ ಗ್ರೇವಿ ಕಂದು. ಐದಾರು ನಿಮಿಷ ತಾಳ್ಮೆಯಿಂದ ಹುರಿದರೆ ಹಿಟ್ಟು ಹೊಂಬಣ್ಣ ದಾಟಿ ಕಂದಿಗೆ ತಿರುಗಿ, ಹುರಿದ ಬೀಜದ ಘಮ ಏಳುತ್ತದೆ. ಆಗ ಒಂದೂವರೆ ಕಪ್ ಬಿಸಿ ಸಾರನ್ನು ಸ್ವಲ್ಪ ಸ್ವಲ್ಪವಾಗಿ ಸುರಿದು, ಬಾಣಲೆಯ ತಳಕ್ಕೆ ಅಂಟಿರುವುದನ್ನೆಲ್ಲ ಕೆರೆದು ಬೆರೆಸಿ, ಥೈಮ್ ಮತ್ತು ಉಳಿದ ಕಾಳುಮೆಣಸು ಹಾಕಿ, ಸೌಟಿನ ಹಿಂಭಾಗಕ್ಕೆ ದಪ್ಪವಾಗಿ ಅಂಟುವಷ್ಟು ಕುದಿಸಿ. ರುಚಿ ನೋಡಿ ಉಪ್ಪು ಹಾಕುವುದು ಈಗ. ಕ್ಯಾಸರೋಲಿಗೆ ಹಾಕುವ ಗ್ರೇವಿ ತಟ್ಟೆಗೆ ಸುರಿದು ತಿನ್ನುವ ಗ್ರೇವಿಗಿಂತ ಗಟ್ಟಿಯಾಗಿರಬೇಕು, ತೆಳ್ಳಗಿದ್ದರೆ ಗ್ರಿಟ್ಸ್‌ನೊಳಗೆ ಇಂಗಿ ನಡುಭಾಗ ಹಸಿಹಸಿಯಾಗಿ ಉಳಿಯುತ್ತದೆ.

ಒಟ್ಟುಗೂಡಿಸುವುದು

ಇಪ್ಪತ್ತೈದು ನಿಮಿಷಕ್ಕೆ ಗ್ರಿಟ್ಸ್‌ನ ಅಂಚು ಪಾತ್ರೆಯಿಂದ ಬಿಟ್ಟುಕೊಂಡು, ನಡುಭಾಗ ಅಲುಗಿಸಿದರೆ ಸ್ವಲ್ಪವೇ ನಡುಗುವಂತಿರಬೇಕು. ಪಾತ್ರೆಯನ್ನು ಹೊರತೆಗೆದು, ಒಲೆಯಿಂದ ಆಗಷ್ಟೇ ಇಳಿಸಿದ ಗ್ರೇವಿಗೆ ಸಿಗಡಿಯನ್ನೂ ತಟ್ಟೆಯಲ್ಲಿ ಅದು ಬಿಟ್ಟ ರಸವನ್ನೂ ಸೇರಿಸಿ, ತಗ್ಗಿನ ತುಂಬ ಸುರಿದು ಹರಡಿ. ಸಿಗಡಿಗಳನ್ನು ಸೌಟಿನಿಂದ ಮೆಲ್ಲಗೆ ಒತ್ತಿ ಅರ್ಧ ಹೂತುಹೋಗುವಂತೆ ಮಾಡಿದರೆ ಮೇಲಿನ ಶಾಖಕ್ಕೆ ಅವು ಒಣಗುವುದಿಲ್ಲ. ಉಳಿದ ಚೀಸನ್ನು ಅಂಚಿನ ಗ್ರಿಟ್ಸ್ ಮೇಲೆ ಮಾತ್ರ ಉದುರಿಸಿ. ಸಿಗಡಿಯ ಮೇಲೆಲ್ಲ ಚೀಸ್ ಹಾಕಿ ಮುಚ್ಚಿಬಿಟ್ಟರೆ ಇಷ್ಟು ಶ್ರಮಪಟ್ಟು ಮಾಡಿದ ಗ್ರೇವಿಯ ರುಚಿ ಅಡಗಿಹೋಗುತ್ತದೆ. ಮತ್ತೆ ಓವನ್ನಿನಲ್ಲಿ ಹತ್ತರಿಂದ ಹನ್ನೆರಡು ನಿಮಿಷ ಇಡಿ. ಅಡುಗೆಯ ಉಷ್ಣಮಾಪಕವಿದ್ದರೆ ನಡುವಿನ ಗ್ರಿಟ್ಸ್‌ಗೆ ಚುಚ್ಚಿ ನೋಡಿ, ಮೊಟ್ಟೆಯಿರುವುದರಿಂದ 71 ಡಿಗ್ರಿ ಸೆಲ್ಸಿಯಸ್ ತಲುಪಿರಬೇಕು; ತಲುಪಿಲ್ಲವಾದರೆ ಇನ್ನೆರಡು ಮೂರು ನಿಮಿಷ ಕಾಯಿರಿ. ಹೊರತೆಗೆದು ಹತ್ತು ನಿಮಿಷ ಮುಟ್ಟದೆ ಬಿಟ್ಟರೆ ಗ್ರಿಟ್ಸ್ ಬಿಗಿದುಕೊಂಡು ಚೌಕವಾಗಿ ಕತ್ತರಿಸಲು ಬರುತ್ತದೆ. ಗರಿಗರಿ ಬೇಕನ್ನು, ಈರುಳ್ಳಿ ಸೊಪ್ಪುಗಳನ್ನು ಬಡಿಸುವ ಹೊತ್ತಿಗೆ ಉದುರಿಸಿ. ಜೊತೆಗೆ ಬೇಯಿಸಿದ ಕೊಲಾರ್ಡ್ ಸೊಪ್ಪು, ಹೆಚ್ಚಿದ ಟೊಮೆಟೊ ಅಥವಾ ಬೆಂಡೆಕಾಯಿಯ ಪಲ್ಯ ಹೊಂದುತ್ತದೆ. ಗಲ್ಲಾ ಅಡುಗೆಯಲ್ಲಿ ಬೆಂಡೆಕಾಯಿಗೂ ಆಫ್ರಿಕಾದ ನಂಟಿದೆ.

ಕರ್ನಾಟಕದಲ್ಲಿ ಮಾಡುವವರಿಗೆ

ಗ್ರಿಟ್ಸ್ ಬದಲಿಗೆ ದಾವಣಗೆರೆ, ಹಾವೇರಿ ಕಡೆ ಬೆಳೆಯುವ ಗೋವಿನ ಜೋಳವನ್ನು ಗಿರಣಿಯಲ್ಲಿ ಇಡ್ಲಿ ರವೆಯ ಗಾತ್ರಕ್ಕೆ ಒಡೆಸಿ, ಹಿಟ್ಟನ್ನು ಜರಡಿ ಹಿಡಿದು ತೆಗೆದು ಬಳಸಬಹುದು. ಅಂಗಡಿಯ ಮೆಕ್ಕೆಜೋಳದ ರವೆಯೂ ಆಗುತ್ತದೆ, ಆದರೆ ಕಾರ್ನ್‌ಫ್ಲೋರ್ ಎಂದು ಮಾರುವುದು ಪಿಷ್ಟ ಮಾತ್ರವಾದ್ದರಿಂದ ಅದು ಬೇಡ. ಹೊಟ್ಟು ತೇಲಿಸಿ ತೆಗೆಯುವ ಕೆಲಸ ಗಿರಣಿಯ ನುಚ್ಚಿಗೆ ಇನ್ನೂ ಅಗತ್ಯ. ಸಂಸ್ಕರಿಸಿದ ಚೀಸ್ ಬಳಸಿದರೆ ಉಪ್ಪನ್ನು ಅರ್ಧಕ್ಕೆ ಇಳಿಸಿ. ಬೇಕನ್ ಸಿಗದಿದ್ದರೆ ಬೆಣ್ಣೆಯಲ್ಲಿ ಗ್ರೇವಿ ಮಾಡಿ, ಒಂದು ಚಿಕ್ಕ ಬಟ್ಟಲಿನಲ್ಲಿ ಕೆಂಡವಿಟ್ಟು ಒಂದು ಹನಿ ತುಪ್ಪ ಬಿಟ್ಟು ಬಾಣಲೆಯೊಳಗಿಟ್ಟು ಎರಡು ನಿಮಿಷ ಮುಚ್ಚಿದರೆ ಹೊಗೆಯ ಘಮ ಬರುತ್ತದೆ. ಚಿಕ್ಕ ಓವನ್ನಿನಲ್ಲಿ ಅರ್ಧ ಅಳತೆಯಲ್ಲಿ ಮಾಡುವುದು ಸುಲಭ. ಆಗ ಮೊದಲ ಹಂತಕ್ಕೆ 18ರಿಂದ 20 ನಿಮಿಷ ಸಾಕಾಗಬಹುದು. ಮೇಲಿನ ಕಂಬಿಗೆ ತೀರ ಹತ್ತಿರ ಇಡಬೇಡಿ.

ಮನೆಗೆ ಬಂದವರಲ್ಲಿ ಯಾರಿಗಾದರೂ ಸಿಗಡಿ, ಏಡಿಗಳ ಅಲರ್ಜಿ ಇದೆಯೇ ಎಂದು ಮೊದಲೇ ಕೇಳಿಕೊಳ್ಳಿ. ಗ್ರಿಟ್ಸ್ ಕೂಡ ಸಿಗಡಿಯ ಸಾರಿನಲ್ಲೇ ಬೆಂದಿರುವುದರಿಂದ, ಮೇಲಿನ ಸಿಗಡಿಯನ್ನು ಸರಿಸಿ ಕೆಳಗಿನದನ್ನು ಬಡಿಸುವ ಉಪಾಯ ಇಲ್ಲಿ ನಡೆಯುವುದಿಲ್ಲ.

ಉಳಿದದ್ದನ್ನು ಎರಡು ಗಂಟೆಯೊಳಗೆ ಫ್ರಿಜ್ಜಿನಲ್ಲಿಟ್ಟರೆ ಎರಡು ಮೂರು ದಿನ ಕೆಡುವುದಿಲ್ಲ. ಅದನ್ನು ಮತ್ತೆ ಓವನ್ನಿನಲ್ಲಿ ಬಿಸಿಮಾಡಿದರೆ ಸಿಗಡಿ ಎರಡನೆಯ ಸಲ ಬೇಯುತ್ತದೆಯಾದ್ದರಿಂದ, ಸಿಗಡಿಯನ್ನೂ ಗ್ರೇವಿಯನ್ನೂ ಮೇಲಿನಿಂದ ಕೆರೆದು ಬೇರೆ ತೆಗೆಯಿರಿ. ತಣ್ಣಗಾಗಿ ಬಿಗಿದಿರುವ ಗ್ರಿಟ್ಸನ್ನು ಒಂದು ಬೆರಳು ದಪ್ಪದ ತುಂಡುಗಳಾಗಿ ಕತ್ತರಿಸಿ, ಎರಡೂ ಬದಿಗೆ ಮೈದಾ ಸವರಿ, ಬೆಣ್ಣೆಯಲ್ಲಿ ಹೊರಮೈ ಗರಿಗರಿಯಾಗುವವರೆಗೆ ಹುರಿಯಿರಿ. ಗ್ರೇವಿಗೆ ಎರಡು ಚಮಚ ನೀರು ಬೆರೆಸಿ ಹಬೆಯಾಡುವಷ್ಟು ಬಿಸಿಮಾಡಿ, ಹುರಿದ ತುಂಡುಗಳ ಮೇಲೆ ಹಾಕಿಕೊಂಡು ಬೆಳಗಿನ ತಿಂಡಿಗೆ ತಿನ್ನಬಹುದು.